ನಮ್ಮ ಮಾವ ಬಾಡಿಗೆಗೆ ಕೊಟ್ಟ ಮನೆಗಳು

ಮುಂಬಯಿಯಲ್ಲಿ ಎಲ್ಲರಿಗಿಂತ ಹೆಚ್ಚು ಮನೆಗಳನ್ನು ಬಾಡಿಗೆಗೆ ಕೊಟ್ಟವರು ಯಾರು ಎಂದು ಕೇಳಿದರೆ ನಾನು ಹಿಂದೆಮುಂದೆ ನೋಡದೆ ನನ್ನ ಸೋದರಮಾವನನ್ನು ತೋರಿಸುತ್ತೇನೆ. ಅಂಧೇರಿಯಲ್ಲಿ ಕೊಟ್ಟಿದ್ದಾರೆ, ದಾದರ್‌ನಲ್ಲಿ ಕೊಟ್ಟಿದ್ದಾರೆ, ಸಮುದ್ರ ಕಾಣುವ ಮೇಲಿನ ಮಹಡಿಗಳಲ್ಲೂ ಕೊಟ್ಟಿದ್ದಾರೆ. ಇಷ್ಟೆಲ್ಲ ಕೊಟ್ಟ ಮಹಾನುಭಾವರು ಇರುವುದು ಮಾತ್ರ ಚೆಂಬೂರಿನ ಹಳೇ ಕಾಲೊನಿಯ ಎರಡು ಕೋಣೆಯ ಮನೆಯಲ್ಲಿ. ಮಳೆಗಾಲ ಬಂತೆಂದರೆ ಅಲ್ಲಿ ಅತ್ತೆ ಮಂಚವನ್ನು ನೀರು ಒಸರುವ ಗೋಡೆಯಿಂದ ದೂರ ಎಳೆಯುತ್ತಾರೆ!

ಇದಕ್ಕೆಲ್ಲ ಕಾರಣ ಅವರ ಸಹಿ. ಮಾವ ಗೆಜೆಟೆಡ್ ಅಧಿಕಾರಿಯಾಗಿದ್ದವರು. ಆ ಕಾಲದಲ್ಲಿ ಅಂಕಪಟ್ಟಿಯ ಜೆರಾಕ್ಸಿಗೆ ಅಧಿಕಾರಿಯೊಬ್ಬರು ಹಸಿರು ಶಾಯಿಯಲ್ಲಿ ಸಹಿ ಹಾಕದೆ ಕೆಲಸವೂ ಸಿಗುತ್ತಿರಲಿಲ್ಲ, ಕಾಲೇಜೂ ಸಿಗುತ್ತಿರಲಿಲ್ಲ. ಭಾನುವಾರ ಬೆಳಿಗ್ಗೆ ಮನೆ ಬಾಗಿಲಲ್ಲಿ ಕನ್ನಡದವರ ಸಾಲು. ಮಾವ ಸಹಿ ಹಾಕುವುದು, ಅತ್ತೆ ಸಾಲಿಗೆಲ್ಲ ಕಾಫಿ ಕೊಡುವುದು. ಆಮೇಲೆ ಏನಾಯಿತು? ಅವರಿಗೆ ನಿವೃತ್ತಿಯಾಯಿತು. ಸರ್ಕಾರವೂ ಅವರವರ ಪ್ರತಿಗೆ ಅವರವರೇ ಸಹಿ ಹಾಕಿಕೊಂಡರೆ ಸಾಕು ಎಂದುಬಿಟ್ಟಿತು. ಬಾಗಿಲಿಗೆ ಒಬ್ಬನೂ ಬರದ ಹಾಗಾಯಿತು.

ಕೈ ಸುಮ್ಮನಿರಬೇಕಲ್ಲ! ಮಾವ ತಮ್ಮದೇ ಆಧಾರ್ ಕಾರ್ಡಿನ ಜೆರಾಕ್ಸನ್ನು ಕಂತೆಗಟ್ಟಲೆ ಮಾಡಿಸಿ, ಒಂದೊಂದಕ್ಕೂ ಹಸಿರು ಶಾಯಿಯಲ್ಲಿ ಸಹಿ ಹಾಕಿ, ಬಟ್ಟೆಯ ಚೀಲದಲ್ಲಿ ಇಟ್ಟುಕೊಂಡು ಓಡಾಡತೊಡಗಿದರು. ಗ್ಯಾಸ್ ಏಜೆನ್ಸಿಗೊಂದು, ಸೋಫಾ ರಿಪೇರಿಯವನಿಗೊಂದು, ಮಾಲ್‌ನ ಬಾಗಿಲಲ್ಲಿ ಲಕ್ಕಿ ಡ್ರಾ ಎಂದು ನಿಂತ ಹುಡುಗಿಗೊಂದು. ಕೇಳಲಿ ಎಂದು ಕಾಯುತ್ತಲೂ ಇರಲಿಲ್ಲ.

"ಯಾಕೆ ಮಾವ ಹೀಗೆ ಪ್ರಸಾದದ ಥರ ಹಂಚ್ತೀರಿ?"

"ನಾನು ಯಾರು ಅಂತ ಗೊತ್ತಾಗಲಿ ಅಂತ ಕಣೇ. ಮುಚ್ಚಿಡೋಕೆ ನಾನೇನು ಕಳ್ಳನಾ?"

ಕಳ್ಳನಿಗೂ ಅದೇ ಬೇಕಾಗಿತ್ತು. ಯಾವನೋ ಪುಣ್ಯಾತ್ಮ ಮಾವ ಹಂಚಿದ ಪ್ರತಿಯೊಂದನ್ನು ಹಿಡಿದು ಇಂಟರ್‌ನೆಟ್ಟಿನಲ್ಲಿ ಬಾಡಿಗೆ ಮನೆಗಳ ಜಾಹೀರಾತು ಹಾಕಿದ. ನಾನೇ ಮಾಲೀಕ, ನಿವೃತ್ತ ಅಧಿಕಾರಿ, ನಂಬಿಕೆ ಬರದಿದ್ದರೆ ಇಗೋ ನನ್ನ ಆಧಾರ್, ಅಡ್ವಾನ್ಸ್ ಕಳಿಸಿ ಚಾವಿ ತಗೊಳ್ಳಿ ಎಂದ. ಕಳಿಸಿದ ಮೇಲೆ ಅವನ ಫೋನು ಬಂದ್. ಮೋಸಹೋದವರ ಕೈಯಲ್ಲಿ ಉಳಿಯುವುದೇನು? ಕಾರ್ಡಿನ ಮೇಲಿರುವ ವಿಳಾಸ. ಸರಿ, ಎಲ್ಲರೂ ಚೆಂಬೂರಿಗೆ!

ಮೊದಲು ಬಂದದ್ದು ಹೊಸದಾಗಿ ಮದುವೆಯಾದ ಜೋಡಿ. ಗಂಡ ಬಾಗಿಲಲ್ಲೇ, "ಚಾವಿ ದೇ ದೋ ಅಂಕಲ್, ನಹೀಂ ತೋ ಪೊಲೀಸ್ ಬುಲಾವೂಂಗಾ!" ಎಂದು, ಚಾವಿ ಕೊಡದಿದ್ದರೆ ಪೊಲೀಸರನ್ನು ಕರೆಸುವುದಾಗಿ ಕೂಗಾಡಿದ. ಮಾವ ಕನ್ನಡಕ ಏರಿಸಿ ಅವನ ಮೊಬೈಲಿನಲ್ಲಿದ್ದ ಕಾರ್ಡಿನ ಚಿತ್ರ ನೋಡಿದರು. ಮುಖ ಅರಳಿತು. "ಹಾಂ ಹಾಂ, ಸೈನ್ ತೋ ಮೇರಾಹೀ ಹೈ!" ಎಂದು, ಸಹಿ ತಮ್ಮದೇ ಎಂಬುದನ್ನು ಅಕ್ಕಪಕ್ಕದವರಿಗೆಲ್ಲ ಕೇಳುವಂತೆ ಒಪ್ಪಿಕೊಂಡರು. ಅತ್ತೆ ಹಣೆ ಚಚ್ಚಿಕೊಂಡರು. ಅವನನ್ನು ಸಮಾಧಾನ ಮಾಡಿ ಕಳಿಸುವಷ್ಟರಲ್ಲಿ ನನ್ನ ಒಂದು ರಜೆ ಹೋಯಿತು.

ನನ್ನ ರಜೆ ಯಾಕೆ ಎಂದರೆ, ನಮ್ಮ ಬಂಧುಬಳಗದಲ್ಲಿ ಕಂಪ್ಯೂಟರ್ ಬಲ್ಲವಳು ಎಂಬ ಅಪಖ್ಯಾತಿ ನನ್ನದು. ಅಂಧೇರಿಯ ಆಫೀಸಿಗೆ ಏನೇನೋ ಕಾರಣ ಹೇಳಿ, ಎರಡು ಲೋಕಲ್ ರೈಲು ಬದಲಾಯಿಸಿ, ಬೆವರಿಳಿಸಿಕೊಂಡು ಬಂದು ಸರ್ಕಾರದ ಗ್ರಾಹಕ ಸಹಾಯವಾಣಿಗೆ ಫೋನು ಹಚ್ಚಿದೆ. ಕನ್ನಡಕ್ಕೆ ಈ ಗುಂಡಿ ಒತ್ತಿ, ದೂರಿಗೆ ಆ ಗುಂಡಿ ಒತ್ತಿ, ಆಮೇಲೆ ಸಂಗೀತ. ಕೊನೆಗೊಬ್ಬ ಹುಡುಗಿ ಸಿಕ್ಕಳು. ಮಾವ ಫೋನು ತೆಗೆದುಕೊಂಡು ಮೊದಲು ಅವಳ ಊಟವಾಯಿತೇ ಎಂದು ವಿಚಾರಿಸಿಕೊಂಡರು.

"ನೀವು ಏನು ಖರೀದಿ ಮಾಡಿದ್ರಿ ಸರ್?"

"ಏನೂ ಇಲ್ಲಮ್ಮ."

"ಹಾಗಾದ್ರೆ ನೀವು ಗ್ರಾಹಕರಲ್ಲ ಸರ್."

"ಅಂಗಡಿಯವನೂ ಅಲ್ವಲ್ಲಮ್ಮ! ನಿಮ್ಮ ಲೆಕ್ಕದಲ್ಲಿ ನಾನು ಯಾರು?"

ಪಾಪ, ಒಳ್ಳೆಯ ಹುಡುಗಿ. ದೂರು ಬರೆದುಕೊಂಡಳು. ಸೈಬರ್ ಪೊಲೀಸರಿಗೂ ತಿಳಿಸಿ ಎಂದಳು. ಕೊನೆಯಲ್ಲಿ, "ನಿಮ್ಮ ಆಧಾರ್ ಕಾರ್ಡಿನ ಪ್ರತಿಗೆ ಸಹಿ ಹಾಕಿ ಅಪ್‌ಲೋಡ್ ಮಾಡಿ ಸರ್" ಎಂದಳು. ನಾನು ಬೇಡ ಎನ್ನುವಷ್ಟರಲ್ಲಿ ಮಾವನ ಕೈ ಚೀಲದೊಳಗಿತ್ತು.

ಪೊಲೀಸ್ ಠಾಣೆಯಲ್ಲಿ ಬೆಂಚಿನ ಮೇಲೆ ಅರ್ಧ ದಿನ ಕೂತೆವು. ಹವಾಲ್ದಾರರು ನನ್ನಷ್ಟೇ ದಣಿದಿದ್ದರು. "ಕಾಕಾ, ತುಮ್ಚಂ ಕಾಯ್ ಗೇಲಂ?" ಎಂದು ಕೇಳಿದರು, ನಿಮ್ಮದೇನು ಹೋಯಿತು ಅಂತ. ಮಾವ ನೆಟ್ಟಗೆ ಕೂತು, "ಮಾಝಂ ನಾವ್" ಎಂದರು. ನನ್ನ ಹೆಸರು. ಹವಾಲ್ದಾರರು ಅರ್ಜಿಯನ್ನು ತಿರುಗಿಸಿ ಮುರುಗಿಸಿ ನೋಡಿ, ಹೆಸರು ಹೋದದ್ದನ್ನು ಬರೆಯಲು ಇದರಲ್ಲಿ ಜಾಗ ಇಲ್ಲ ಎಂದು ಬೇಸರದಿಂದಲೇ ಹೇಳಿದರು. ಮನೆಗೆ ಮರಳುವಾಗ ಮಾವ ದಾರಿಯುದ್ದಕ್ಕೂ ಚೀಲವನ್ನು ಎದೆಗವಚಿಕೊಂಡಿದ್ದರು. ಆ ದಿನ ನನಗೆ ಅವರನ್ನು ಗೇಲಿ ಮಾಡಲು ಮನಸ್ಸು ಬರಲಿಲ್ಲ.

ದೂರು ಕೊಟ್ಟದ್ದಾಯಿತು, ಜನ ಬರುವುದು ನಿಂತಿತೇ? ಎಲ್ಲಿಯ ಮಾತು! ಕಳ್ಳ ಹೊಸ ನಂಬರಿನಿಂದ ಹೊಸ ಜಾಹೀರಾತು ಹಾಕುತ್ತಲೇ ಇದ್ದ. ಮಾವ ಬಂದವರನ್ನೆಲ್ಲ ಕೂರಿಸಿ, ಅವರವರ ಹೆಸರಿನಲ್ಲಿ ದೂರು ಕೊಡಿಸತೊಡಗಿದರು. ಭಾನುವಾರ ಬಾಗಿಲಲ್ಲಿ ಮತ್ತೆ ಸಾಲು! ಅತ್ತೆ ಕಾಫಿಗೆ ಹಾಲು ಹೆಚ್ಚು ತರಿಸಿದರು. ಬೈಯಲು ಬಂದವರು ಫಿಲ್ಟರ್ ಕಾಫಿ ಕುಡಿದು, "ಬಹುತ್ ಅಚ್ಛೇ ಲೋಗ್ ಹೈಂ" ಎಂದು ಹೊಗಳುತ್ತ ಮೆಟ್ಟಿಲಿಳಿದರು. ಅವರ ದೂರುಗಳನ್ನು ಟೈಪ್ ಮಾಡಿ ಮಾಡಿ ನನ್ನ ಬೆರಳು ಬಾತುಹೋದವು. ವಾರಕ್ಕೊಂದು ದಿನ ಕಣ್ತುಂಬ ನಿದ್ದೆ ಮಾಡುತ್ತಿದ್ದವಳ ಗತಿ ಹೀಗಾಯಿತಲ್ಲ ಎಂದು ಒಂದು ದಿನ ರೇಗಿಯೇಬಿಟ್ಟೆ.

"ನೀವೇನು ತಪ್ಪು ಮಾಡಿದೀರಿ ಮಾವ? ನಮಗೂ ಇದಕ್ಕೂ ಸಂಬಂಧ ಇಲ್ಲ ಅಂತ ಬಾಗಿಲಿಗೊಂದು ಬೋರ್ಡು ಹಾಕಿ."

"ಅವರು ನಂಬಿದ್ದು ನನ್ನ ಹೆಸರನ್ನ ತಾನೆ? ಆ ಕಳ್ಳನನ್ನ ಅಲ್ವಲ್ಲ."

ನಾನು ಮತ್ತೆ ಲ್ಯಾಪ್‌ಟಾಪ್ ತೆರೆದೆ.

ಮೊನ್ನೆ ಸಂಜೆ ಹೊರಡಬೇಕೆಂದು ಚಪ್ಪಲಿ ಮೆಟ್ಟುತ್ತಿದ್ದೆ. ಬಾಗಿಲಲ್ಲಿ ಒಬ್ಬ ಹುಡುಗಿ. ಸೂಟ್‌ಕೇಸು, ಸುತ್ತಿದ ಹಾಸಿಗೆ, ಪಾತ್ರೆ ತುಂಬಿದ ಪ್ಲಾಸ್ಟಿಕ್ ಬಕೆಟ್ಟು. ವಿಜಯಪುರದ ಕಡೆಯವಳು, ಇಲ್ಲಿನ ಆಸ್ಪತ್ರೆಯಲ್ಲಿ ನರ್ಸ್. ಅಡ್ವಾನ್ಸ್ ಕಳಿಸಿ, ಚಾವಿ ಸಿಗುತ್ತದೆಂದು ನಂಬಿ ಪಿಜಿ ಖಾಲಿ ಮಾಡಿ ಬಂದಿದ್ದಳು. ನನಗೆ ಎಷ್ಟು ಸಾಕಾಗಿತ್ತೆಂದರೆ, ಒಳಗೆ ಕರೆಯದೆ ನಿಂತಲ್ಲೇ ಎಲ್ಲವನ್ನೂ ಗಿಣಿಪಾಠದ ಹಾಗೆ ಒಪ್ಪಿಸಿದೆ. ಮನೆ ಇಲ್ಲ, ಮಾಲೀಕ ಇಲ್ಲ, ಎಲ್ಲ ಮೋಸ ಎಂದೆ.

ಅವಳು ಕೂಗಾಡಲಿಲ್ಲ. ಮೆಟ್ಟಿಲ ಮೇಲೆ ಕುಸಿದು ಕೂತಳು.

"ಭಾಳ ಮನಿ ನೋಡಿದ್ನಿರಿ ಅಕ್ಕಾರ. ಕಾರ್ಡಿನ ಫೋಟೋದಾಗ ಈ ಅಜ್ಜಾರ ಮಾರಿ ನೋಡಿ ಇದನ್ನ ಆರಿಸಿದ್ನಿ. ಇವ್ರು ಮೋಸ ಮಾಡೂದಿಲ್ಲ ಅನಸ್ತು."

ಮಾವ ನನ್ನ ಹಿಂದೆಯೇ ನಿಂತಿದ್ದರು. ಕೇಳಿಸಿಕೊಂಡರು. ಚಪ್ಪಲಿ ಬಿಚ್ಚಿ ಒಳಗೆ ಬಂದು ನಾನು ಎಂದಿನಂತೆ ದೂರಿನ ಪುಟ ತೆರೆಯುತ್ತಿದ್ದೆ.

"ಅದು ನಾಳೆ ಮಾಡೋಣ ಕಣೇ" ಎಂದವರು ಬಗ್ಗಿ ಅವಳ ಸೂಟ್‌ಕೇಸ್ ಎತ್ತಿದರು.

"ಎಲ್ಲಿಗೆ ಮಾವ?"

"ಒಳಗೆ. ನನ್ನ ಹೆಸರಲ್ಲಿ ಈ ಮಗೂಗೆ ಮನೆ ಕೊಡ್ತೀನಿ ಅಂತ ಹೇಳಾಗಿದೆ. ಕೊಡಬೇಕಲ್ಲ?"

ನಾನು ಅತ್ತೆಯ ಮುಖ ನೋಡಿದೆ. ಅತ್ತೆ ಆಗಲೇ ಒಳಕೋಣೆಯ ಮಂಚದ ಮೇಲಿನ ಬಟ್ಟೆ ರಾಶಿ ತೆಗೆಯುತ್ತಿದ್ದರು. ನನಗೆ ಅಳು ಬಂತು. ಬಕೆಟ್ಟನ್ನು ನಾನು ಹಿಡಿದುಕೊಂಡೆ.

ಹುಡುಗಿ ಹೊಸ್ತಿಲಲ್ಲೇ ನಿಂತಳು. "ಬಾಡಿಗಿ ಎಷ್ಟರಿ ಅಜ್ಜಾರ? ಅಡ್ವಾನ್ಸ್ ಕೊಡಾಕ ಈಗ ನನ್ನ ಕಡೆ..."

"ಅಡ್ವಾನ್ಸ್ ನೀನು ಕೊಟ್ಟಾಗಿದೆಯಲ್ಲಮ್ಮ" ಎಂದರು ಮಾವ.