ಸೀರೆ ಭಿಶಿ ಮತ್ತು ನನ್ನ ಗಣಿತ

ಸಂಭವನೀಯತೆ ಕಲಿಸಲು ಶುರು ಮಾಡಿದಾಗಿನಿಂದ ನನಗೆ ಬರೀ ಅಸಂಭವಗಳೇ ಎದುರಾಗುತ್ತಿವೆ. ನಾನು ಹುಮನಾಬಾದಿನ ಒಂದು ಪಿಯು ಕಾಲೇಜಿನಲ್ಲಿ ಗಣಿತದ ಉಪನ್ಯಾಸಕ, ಮನೆ ಬಸವಕಲ್ಯಾಣದಲ್ಲಿ. ನಡುವಿನ ಬಸ್ಸಿನಲ್ಲಿ ಸೀಟು ಸಿಗುವ ಸಂಭವ ಎಷ್ಟು ಅಂತ ಮಾತ್ರ ಯಾವತ್ತೂ ಲೆಕ್ಕ ಹಾಕಿಲ್ಲ. ಬೆಳಿಗ್ಗೆ ಬೆಳಿಗ್ಗೆ ಮನಸ್ಸು ಕೆಡಿಸಿಕೊಳ್ಳುವುದು ಯಾಕೆ?

ತಂಬಿಗೆ

ನಮ್ಮ ಓಣಿಯ ಹತ್ತು ಹೆಂಗಸರು ಸೇರಿ ಸೀರೆ ಭಿಶಿ ಶುರು ಮಾಡಿದರು. ತಿಂಗಳಿಗೊಮ್ಮೆ ಎಲ್ಲರೂ ವಂತಿಗೆ ಹಾಕಿ ಒಂದು ಇಳಕಲ್ ಸೀರೆ ತರುವುದು, ಅವರವರೇ ಹೆಸರು ಬರೆದು ಹಾಕಿದ ಚೀಟಿಗಳ ಹಿತ್ತಾಳೆ ತಂಬಿಗೆಯಿಂದ ಒಂದನ್ನು ಎತ್ತುವುದು, ಹೆಸರು ಬಂದವರಿಗೆ ಸೀರೆ. ಬಂದ ಚೀಟಿ ಮರಳಿ ತಂಬಿಗೆಗೆ ಹೋಗುವುದಿಲ್ಲ. ಭಿಶಿ ನಡೆಸುವವರು ಬಳೆ ಅಂಗಡಿಯ ಆಪಾ. ಅವರ ತಂಬಿಗೆಯ ಬಾಯಿಗೆ ಸದಾ ಬಟ್ಟೆ. ಒಳಗೆ ಇಣುಕಿದರೆ ನಸೀಬು ಓಡಿಹೋಗುತ್ತದಂತೆ.

ನನ್ನ ಹೆಂಡತಿಗೆ ಆ ಸೀರೆ ಬೇಕೇ ಬೇಕಾಗಿತ್ತು. ಘಾಟಬೋರಾಳದಲ್ಲಿ ಅವಳ ತಮ್ಮನ ಮದುವೆ ಗೊತ್ತಾಗಿತ್ತು. ಪೆಟ್ಟಿಗೆಯ ಹೊಸ ಸೀರೆಗಳನ್ನೆಲ್ಲ ಹಬ್ಬಕ್ಕೆ ಬಂದಾಗೊಮ್ಮೆ ನನ್ನ ತಂಗಿ ಉಟ್ಟುಕೊಂಡು ಹೋಗಿಬಿಡುತ್ತಿದ್ದಳು. ನಾನೇ ಕೊಡಿಸುತ್ತೇನೆ ಎಂದರೆ, "ಕೊಂಡದ್ದು ಬ್ಯಾರೆ, ನಸೀಬಿಲೆ ಬಂದದ್ದು ಬ್ಯಾರೆ" ಎಂದಳು.

"ಸಾಲಿಯೊಳಗ ಇದನ್ನೇ ಕಲಿಸ್ತೀರಲ್ಲ, ನನ್ನ ಹೆಸರು ಯಾವಾಗ ಬರತದ ಹೇಳ್ರಿ."

"ಈ ತಿಂಗಳು ಹತ್ತರಾಗ ಒಂದು. ಬರಲಿಲ್ಲಂದ್ರ ಮುಂದಿನ ತಿಂಗಳು ಒಂಬತ್ತರಾಗ ಒಂದು. ಹಂಗ ಹೆಚ್ಚಾಗ್ಕೋತ ಹೋಗ್ತದ."

"ಅದೆಲ್ಲಾ ಖರೆ. ಯಾವಾಗ ಬರತದ?"

ಇಷ್ಟು ಕಷ್ಟದ ಪ್ರಶ್ನೆಯನ್ನು ನನ್ನ ವಿದ್ಯಾರ್ಥಿಗಳು ಇಲ್ಲಿಯವರೆಗೆ ಕೇಳಿಲ್ಲ.

ಪೆಪ್ಪರಮೆಂಟು

ಮನೆಯಲ್ಲಿ ಆದ ಅವಮಾನವನ್ನು ತರಗತಿಯಲ್ಲಿ ತೀರಿಸಿಕೊಳ್ಳೋಣ ಎಂದು ಒಂದು ಚೀಲದಲ್ಲಿ ಕೆಂಪು, ಬಿಳಿ ಪೆಪ್ಪರಮೆಂಟು ತುಂಬಿಕೊಂಡು ಹೋದೆ. "ಒಂದು ತೆಗೀರಿ, ಬಣ್ಣ ಹೇಳ್ರಿ, ಆದರ ಮರಳಿ ಹಾಕಬ್ಯಾಡ್ರಿ" ಎಂದೆ. ಚೀಲ ಬೆಂಚಿನಿಂದ ಬೆಂಚಿಗೆ ಹೋಯಿತು. ಅಷ್ಟು ಶ್ರದ್ಧೆಯ ತರಗತಿಯನ್ನು ನಾನು ಕಂಡೇ ಇರಲಿಲ್ಲ. ಕೊನೆಗೆ, ತೆಗೆದದ್ದರಲ್ಲಿ ಕೆಂಪು ಎಷ್ಟು, ಎತ್ತಿ ತೋರಿಸಿ ಎಂದಾಗ ಒಂದು ಕೈಯೂ ಮೇಲೇಳಲಿಲ್ಲ. ಮುಂದಿನ ಬೆಂಚಿನ ಹುಡುಗಿ ಗಲ್ಲ ಉಬ್ಬಿಸಿಕೊಂಡೇ ಹೇಳಿದಳು: "ಮರಳಿ ಹಾಕಬ್ಯಾಡ್ರಿ ಅಂದ್ರೆಲ್ಲ ಸರ್, ಅದಕ್ಕ ತಿಂದ್ವಿ."

ಮುಡಬಿ ಡ್ಯೂಟಿ

ಪರೀಕ್ಷೆಯ ಹೊತ್ತಿಗೆ ನಮ್ಮಲ್ಲಿ ಒಬ್ಬರು ಮುಡಬಿಯ ಕೇಂದ್ರಕ್ಕೆ ಹೋಗಬೇಕಿತ್ತು. ಎರಡು ಬಸ್ಸು, ಮೇಲೊಂದು ಶೇರ್ ಆಟೋ, ನಡುವೆ ಧೂಳು. ಪ್ರಾಚಾರ್ಯರು ಡಬ್ಬಿಯಲ್ಲಿ ಚೀಟಿ ಹಾಕಿಟ್ಟರು. ಒಂದರಲ್ಲಿ ಮುಡಬಿ, ಉಳಿದವು ಖಾಲಿ. ಮೊದಲು ಎತ್ತಿದರೆ ಪಾರಾಗಬಹುದೆಂದು ಎಲ್ಲರೂ ಡಬ್ಬಿಯ ಮೇಲೆ ಬಿದ್ದರು. ನಾನು ಕುರ್ಚಿ ಬಿಟ್ಟೇಳಲಿಲ್ಲ. ಮೊದಲು ಎತ್ತಿದರೂ ಕೊನೆಗೆ ಎತ್ತಿದರೂ ಎಲ್ಲರ ಸಂಭವವೂ ಒಂದೇ ಎಂದು ಬೋರ್ಡಿನ ಮೇಲೆ ಬರೆದು ಸಾಧಿಸಿದೆ. ಸೀಮೆಸುಣ್ಣದ ಕೈ ಒರೆಸಿಕೊಂಡು ತಿರುಗಿದರೆ ಎಲ್ಲರ ಕೈಯಲ್ಲೂ ಖಾಲಿ ಚೀಟಿ, ಡಬ್ಬಿಯಲ್ಲಿ ನನ್ನದೊಂದೇ ಉಳಿದಿತ್ತು.

ಭೌತಶಾಸ್ತ್ರದವರು ಬೋರ್ಡನ್ನು ಪೂರ್ತಿ ಓದಿ ತಲೆಯಾಡಿಸಿದರು. "ಲೆಕ್ಕ ಬರೋಬ್ಬರಿ ಅದರಿ ಸರ್. ಮುಡಬಿಗೆ ಹೋಗ್ವಾಗ ನೀರಿನ ಬಾಟ್ಲಿ ಒಯ್ರಿ."

ಕೊನೆಯ ಚೀಟಿ

ಇತ್ತ ಭಿಶಿ ನಡೆದೇ ಇತ್ತು. ಐದರಲ್ಲಿ ಒಂದು ಎಂದೆ, ಮೂರರಲ್ಲಿ ಒಂದು ಎಂದೆ. ಪ್ರತಿ ಸಲ ಬೇರೆಯವರ ಹೆಸರೇ ಬಂತು. ಇಬ್ಬರೇ ಉಳಿದಾಗ ಅರ್ಧಕ್ಕರ್ಧ ಎಂದೆ. ಎದುರುಮನೆ ಅಕ್ಕನ ಹೆಸರು ಬಂತು. ಅವತ್ತು ನನ್ನ ತಾಟಿಗೆ ರೊಟ್ಟಿ ಬಂತು, ಪಲ್ಯ ಬರಲಿಲ್ಲ.

ಕೊನೆಯ ತಿಂಗಳು ಬಂದಾಗ ಮದುವೆ ಅದೇ ವಾರದಲ್ಲಿತ್ತು. "ಈ ಸಲ ಬಂದೇ ಬರತದ. ಬರಲಿಲ್ಲಂದ್ರ ನಾ ಗಣಿತ ಕಲಿಸೋದೇ ಬಿಡ್ತೀನಿ" ಎಂದು ಧೈರ್ಯವಾಗಿ ಹೇಳಿ, ಸಾಕ್ಷಿಗೆ ನಾನೂ ಹೋದೆ. ಉಳಿದವಳು ಇವಳೊಬ್ಬಳೇ, ಸೀರೆ ಸುಮ್ಮನೆ ಕೊಟ್ಟುಬಿಡಬಹುದಿತ್ತು. ಆಪಾ ಒಪ್ಪಲಿಲ್ಲ. "ಚೀಟಿ ಎತ್ತಲಾರದೆ ಸೀರಿ ಹ್ಯಾಂಗ ಕೊಡ್ಲಿ? ಕಾಯ್ದಾ ಅಂದ್ರ ಕಾಯ್ದಾ" ಎಂದು ತಂಬಿಗೆಗೆ ಕೈ ಹಾಕಿದರು. ತಡಕಾಡಿದರು. ಬಟ್ಟೆ ತೆಗೆದು ತಂಬಿಗೆಯನ್ನೇ ಬೋರಲು ಹಾಕಿದರು. ಏನೂ ಬೀಳಲಿಲ್ಲ.

ಹತ್ತೂ ಹೆಂಗಸರು ತಂಬಿಗೆ ಬಿಟ್ಟು ನನ್ನನ್ನು ನೋಡಿದರು. ನನ್ನ ನೌಕರಿ ಹೋಯಿತು ಎಂದುಕೊಂಡೆ.

ನನ್ನ ಹೆಂಡತಿ ಮೆಲ್ಲಗೆ ನಾಲಿಗೆ ಕಚ್ಚಿಕೊಂಡಳು. ಮನೆಗೆ ಓಡಿ, ಮಡಚಿದ ಚೀಟಿಯೊಂದನ್ನು ತಂದಳು. ಅದಕ್ಕೆ ವಿಭೂತಿ ಮೆತ್ತಿತ್ತು, ಒಂದು ಒಣಗಿದ ಸೇವಂತಿಗೆ ಎಸಳೂ ಅಂಟಿತ್ತು. "ಮೊದಲನೇ ತಿಂಗಳು, ದೇವರ ಮುಂದ ಇಟ್ಟು ಆಮ್ಯಾಲ ಹಾಕೋಣು ಅಂತ ಜಗಲಿ ಮ್ಯಾಲ ಇಟ್ಟಿದ್ದೆ. ಹಾಕೋದೇ ಮರತೆ."

ಅಂದರೆ ಇಷ್ಟು ತಿಂಗಳೂ ಅವಳ ಹೆಸರು ಬರುವ ಸಂಭವ ಶುದ್ಧ ಸೊನ್ನೆ. ನಾನು ಹೆಂಗಸರನ್ನು ಎಣಿಸಿದ್ದೆ, ಚೀಟಿಗಳನ್ನು ಎಣಿಸಿರಲಿಲ್ಲ. ದಿನಾ ಆ ದೇವರ ಜಗಲಿಗೆ ಪೂಜೆ ಮಾಡುವವನೂ ನಾನೇ. ಚೀಟಿಯ ಮೇಲಿದ್ದದ್ದು ನನ್ನ ಕೈಯ ವಿಭೂತಿ.

ಆಪಾ ಚೀಟಿಯನ್ನು ತಂಬಿಗೆಗೆ ಹಾಕಿ, ಬಟ್ಟೆ ಮುಚ್ಚಿ, ಕುಲುಕಿ, ಅದನ್ನೇ ಎತ್ತಿ ಹೆಸರು ಓದಿದರು. ಆಮೇಲೆ ನನ್ನ ಕಡೆ ತಿರುಗಿದರು. "ಸರ್, ಎತ್ತೂ ಮೊದಲ ಹಾಕಬೇಕು ಅನ್ನೋದು ನಿಮ್ಮ ಗಣಿತದಾಗ ಬರಂಗಿಲ್ಲೇನ್ರಿ?"

ದಾರಿಯಲ್ಲಿ ಹೆಂಡತಿ ಸೀರೆಯನ್ನು ಎದೆಗವಚಿಕೊಂಡು ಖುಷಿಯಿಂದ ನಡೆಯುತ್ತಿದ್ದಳು. ಅವಳ ಮುಖ ನೋಡಿ ನನಗೂ ಖುಷಿಯಾಯಿತು. ಆದರೂ ತಡೆಯಲಾರದೆ, "ಮೊದಲೇ ಹಾಕಿದ್ರ ಯಾವಾಗೋ ಬರತಿತ್ತಲ್ಲ" ಎಂದೆ.

"ಅದಕ್ಕೇ ದೇವರು ಹಾಕಗೊಡಲಿಲ್ಲ" ಎಂದಳು. "ಯಾವಾಗೋ ಬಂದಿದ್ರ ಇಷ್ಟೊತ್ತಿಗೆ ಅದನ್ನ ನಿಮ್ಮ ತಂಗಿ ಉಟ್ಟಿರತಿದ್ದಳು."