ನಲವತ್ತಮೂರನೆಯ ಗುಡ್ಡೆ

ದೊಡ್ಡಗುಂಡಿನಹಟ್ಟಿಯಲ್ಲಿ ವಯಸ್ಕರಾದ ಪ್ರತಿಯೊಬ್ಬರಿಗೂ ತಮ್ಮ ಬದುಕಿನ ಬಗ್ಗೆ ತಾವೇ ನಿರ್ಧಾರ ತೆಗೆದುಕೊಳ್ಳುವ ಸಂಪೂರ್ಣ ಸ್ವಾತಂತ್ರ್ಯವಿದೆ. ಅದಕ್ಕಾಗಿಯೇ ಹನ್ನೊಂದು ಜನರ ಸಮಿತಿಯೊಂದನ್ನು ರಚಿಸಲಾಗಿದೆ. ನಾನು ಅದರ ಕಾರ್ಯದರ್ಶಿ, ನಿವೃತ್ತ ಮೇಷ್ಟ್ರು. ಅಕ್ಷರ ದುಂಡಗಿದೆ ಎಂಬ ಒಂದೇ ಕಾರಣಕ್ಕೆ ಈ ಹೊಣೆ ನನ್ನ ತಲೆಗೆ ಬಂತು.

ಸಮಿತಿ ಹುಟ್ಟಿದ್ದು ಬಾಡಿನಿಂದ. ಪರಶುರಾಂಪುರ ಹೋಬಳಿಯ ಈ ನಮ್ಮೂರಲ್ಲಿ ತಿಂಗಳಿಗೊಂದು ಭಾನುವಾರ ಎಲ್ಲರೂ ಸೇರಿ ಐದಾರು ಕುರಿ ಕೊಯ್ದು, ತಾಡಪಾಲಿನ ಮೇಲೆ ಸಮನಾಗಿ ಗುಡ್ಡೆ ಹಾಕುತ್ತೇವೆ. ಮನೆಗೊಂದು ಗುಡ್ಡೆ. ಮೋಸವಾಗಬಾರದೆಂದು ಒಬ್ಬ ಬೆನ್ನು ತಿರುಗಿಸಿ ನಿಲ್ಲುತ್ತಾನೆ. ಇನ್ನೊಬ್ಬ ಒಂದು ಗುಡ್ಡೆ ತೋರಿಸಿ "ಇದು ಯಾರ್ದು?" ಎನ್ನುತ್ತಾನೆ. ಬೆನ್ನು ತಿರುಗಿಸಿದವನು ಯಾವುದಾದರೂ ಒಂದು ಮನೆಯ ಯಜಮಾನನ ಹೆಸರು ಕೂಗುತ್ತಾನೆ. ಏನನ್ನೂ ನೋಡದೆ ನ್ಯಾಯ ಹೇಳುವ ಈ ಪದ್ಧತಿಯ ಬಗ್ಗೆ ನಮಗೆ ಬಹಳ ಹೆಮ್ಮೆ. ನಲವತ್ತೆರಡು ಮನೆ, ನಲವತ್ತೆರಡು ಗುಡ್ಡೆ.

ಕುದಾಪುರದ ಕಡೆ ಒಂದು ಕ್ಯಾಂಟೀನಿನಲ್ಲಿ ಅಡುಗೆ ಮಾಡುವ ವನಜಾಕ್ಷಿಗೆ ಮೂವತ್ತಾರು ವರ್ಷ. ಮದುವೆ ಬೇಡವೆಂದು ಹೇಳಿ, ಅಣ್ಣ ಅಂಜಿನೇಯನ ಮನೆ ಬಿಟ್ಟು, ಊರ ಕೊನೆಯಲ್ಲಿ ಎರಡು ಕೋಣೆ ಕಟ್ಟಿಸಿಕೊಂಡು ಒಬ್ಬಳೇ ಇದ್ದಾಳೆ. ಕುರಿಯ ವಂತಿಗೆಯನ್ನು ತಾನೇ ಕೊಡುತ್ತಿದ್ದಳು, ಪಾಲು ಮಾತ್ರ ಅಣ್ಣನ ಗುಡ್ಡೆಯಲ್ಲಿ ಸೇರಿಹೋಗುತ್ತಿತ್ತು. ಅತ್ತಿಗೆ ಬೇಯಿಸಿ, ನೆನಪಾದರೆ, ಒಂದು ಬಟ್ಟಲು ಕಳಿಸುತ್ತಿದ್ದಳು. ಹೀಗಿರುವಾಗ ಒಂದು ಭಾನುವಾರ ವನಜಾಕ್ಷಿ ಪಾತ್ರೆ ಹಿಡಿದು ನೇರ ತಾಡಪಾಲಿನ ಹತ್ತಿರ ಬಂದಳು.

"ನಂದೂ ಒಂದು ಮನೆ ಐತೆ. ನನ್ನ ಹೆಸ್ರೂ ಕೂಗ್ರಿ" ಎಂದಳು.

ಕೂಗಬೇಕಾದವನು ಪದ್ಧತಿ ಮರೆತು ಇತ್ತ ತಿರುಗಿಬಿಟ್ಟ. ಊರ ಹಿರಿಯ ಕಾಮಣ್ಣನವರು ಸಮಾಧಾನದಿಂದಲೇ ಕೇಳಿದರು: "ಮನೆ ಅಂದ್ರೆ ಬರೀ ಗೋಡೆ ಅಲ್ಲಮ್ಮ. ಅಷ್ಟು ಬಾಡು ಒಬ್ಳೇ ಹೆಂಗೆ ತಿಂತೀಯ? ತಿನ್ನೋಕೆ ಇನ್ಯಾರು ಬರ್ತಾರೆ ಅಂತ ಊರು ಕೇಳಲ್ವಾ?"

"ಉಳಿದ್ರೆ ಉಪ್ಪು ಹಾಕಿ ಒಣಗಿಸ್ತೀನಿ ದೊಡ್ಡಪ್ಪ."

ಇದು ಬಾಡಿನ ಪ್ರಶ್ನೆಯಲ್ಲ, ನೀತಿಯ ಪ್ರಶ್ನೆ ಎಂದು ಅಲ್ಲಿಯೇ ತೀರ್ಮಾನವಾಯಿತು. ಸಂಜೆಯೊಳಗೆ ಕಾಮಣ್ಣನವರ ಅಧ್ಯಕ್ಷತೆಯಲ್ಲಿ ವೈಯಕ್ತಿಕ ಸ್ವಾತಂತ್ರ್ಯ ಸಂರಕ್ಷಣಾ ಸಮಿತಿ ರಚನೆಯಾಯಿತು. ಹಾಲಿನ ಡೈರಿಯ ಗೋಡೆಗೆ ನಾನೇ ಪ್ರಕಟಣೆ ಅಂಟಿಸಿದೆ: "ಕುಮಾರಿ ವನಜಾಕ್ಷಿಯವರು ತಮಗೆ ಇಷ್ಟಬಂದಂತೆ ಬದುಕಲು ಉದ್ದೇಶಿಸಿರುವುದರಿಂದ, ಆಕ್ಷೇಪಣೆ ಉಳ್ಳವರು ಹದಿನೈದು ದಿನಗಳೊಳಗೆ ಲಿಖಿತವಾಗಿ ಸಲ್ಲಿಸತಕ್ಕದ್ದು. ಆಕ್ಷೇಪಣೆ ಇಲ್ಲದವರು ಅದಕ್ಕೆ ಸೂಕ್ತ ಕಾರಣ ನೀಡತಕ್ಕದ್ದು."

ನಲವತ್ತೆರಡು ಮನೆಗಳಿಂದ ಅರವತ್ತೊಂದು ಆಕ್ಷೇಪಣೆಗಳು ಬಂದವು. ಇನ್ನೊಂದನ್ನು, ಚಳ್ಳಕೆರೆ ಬಸ್ಸಿನ ಕಿಟಕಿಯಿಂದ ಆಕೆಯನ್ನು ಒಮ್ಮೆ ನೋಡಿದ್ದ ಪರವೂರಿನವರೊಬ್ಬರು ಕಳಿಸಿದ್ದರು. ಪಕ್ಕದ ಮನೆಯ ಸೂರಮ್ಮ ಬಾಯಲ್ಲೇ ಹೇಳಿ ಬರೆಸಿದರು: "ಅವಳ ಮನೇಲಿ ನಗೋ ಸದ್ದು ಕೇಳಿಸ್ತೈತೆ ಮೇಷ್ಟ್ರೇ. ಒಬ್ಳೇ ಇರೋಳು ಯಾಕೆ ನಗ್ಬೇಕು?" ಈ ಪ್ರಶ್ನೆಯ ಕೆಳಗೆ ನಾನು ಎರಡು ಗೆರೆ ಎಳೆದೆ.

ಸ್ಥಳ ಪರಿಶೀಲನೆಗೆ ಹೋದೆವು. ಅಡುಗೆಮನೆಯಲ್ಲಿ ಎರಡು ಊಟದ ತಟ್ಟೆಗಳು ಪತ್ತೆಯಾದವು. ಎರಡನೆಯದು ಯಾರದೆಂದು ಕಾಮಣ್ಣನವರು ಕೇಳಿದರು. "ಒಂದು ತೊಳೆಯೋಕೆ ಬಿದ್ದಿದ್ರೆ ಇನ್ನೊಂದ್ರಲ್ಲಿ ಉಣ್ತೀನಿ" ಎಂದಳು. ಉತ್ತರ ಸಮರ್ಪಕವಾಗಿಲ್ಲವೆಂದು ಬರೆದುಕೊಂಡೆ.

ಆಕೆಯ ಪರ ಯಾರೂ ಇರಲಿಲ್ಲ ಎನ್ನಬಾರದು. ಅರ್ಧ ಲಾ ಓದಿರುವ ಗೋವರ್ಧನ ಸಮಿತಿಯಲ್ಲೇ ಆಕೆಯ ಸ್ವಾತಂತ್ರ್ಯಕ್ಕಾಗಿ ಮೇಜು ಗುದ್ದಿದ. ಆಕೆ ಇನ್ನು ಮುಂದೆ ಎಂದೆಂದಿಗೂ ಮದುವೆಯಾಗಕೂಡದು, ದೇವಸ್ಥಾನಕ್ಕೆ ಕಾಲಿಡಕೂಡದು, ಅಣ್ಣನ ಜೊತೆ ಮಾತು ಬಿಡತಕ್ಕದ್ದು ಎಂದು ಸ್ವಾತಂತ್ರ್ಯದ ಷರತ್ತುಗಳ ಪಟ್ಟಿಯನ್ನೂ ತಂದಿದ್ದ.

"ಮುಂದೆ ನನ್ನ ಮನಸ್ಸು ಬದಲಾದ್ರೆ?" ಎಂದು ವನಜಾಕ್ಷಿ ಕೇಳಿದಳು.

"ಸ್ವಾತಂತ್ರ್ಯ ಒಂದ್ಸಲ ತಗೊಂಡ್ಮೇಲೆ ವಾಪಸ್ ಕೊಡೋಕೆ ಬರಲ್ಲಕ್ಕ" ಎಂದ ಗೋವರ್ಧನ.

ಆಕೆ ಮದುವೆಯಾಗಿ ಗಂಡನ ಮನೆಗೆ ಹೋಗಬೇಕೋ, ಹೋಗಲೇಬಾರದೋ ಎಂದು ಎರಡು ಪಕ್ಷಗಳೂ ಮೂರು ಗಂಟೆ ಹೊಡೆದಾಡಿದವು. ನಡುವೆ ವನಜಾಕ್ಷಿ ಎದ್ದು, "ನಾನು ಕೇಳಿದ್ದು ನನ್ನ ಪಾಲಿನ ಬಾಡು. ಹೆಂಗೆ ಬದುಕ್ಬೇಕು ಅಂತ ನಿಮ್ಮನ್ನ ಯಾವಾಗ ಕೇಳ್ದೆ?" ಎಂದಳು. ನನಗೆ ನಿಜವಾಗಿ ಸಿಟ್ಟು ಬಂತು. ಆಕೆಯ ಬದುಕಿಗಾಗಿ ಊಟ ಬಿಟ್ಟು ಕೂತವರು ನಾವು. ಮಧ್ಯೆ ಬಾಯಿ ಹಾಕಲು ಆಕೆ ಯಾರು? ಸಮಿತಿಯ ಸದಸ್ಯರಲ್ಲದವರು ಮಾತಾಡಕೂಡದೆಂಬ ನಿಯಮವನ್ನು ಆ ಕ್ಷಣವೇ ಮಾಡಿ ಓದಿ ಹೇಳಿದೆ.

ಕೊನೆಗೆ ಒಮ್ಮತದ ನಿರ್ಣಯವಾಯಿತು. ವನಜಾಕ್ಷಿಯವರು ಸಂಪೂರ್ಣ ಸ್ವತಂತ್ರರು; ಅವರ ಹೆಸರಿನಲ್ಲಿ ಪ್ರತ್ಯೇಕ ಗುಡ್ಡೆ ಹಾಕತಕ್ಕದ್ದು. ಸದರಿ ಗುಡ್ಡೆಯನ್ನು ಎತ್ತಿಕೊಳ್ಳುವ ಜವಾಬ್ದಾರಿ ಅಣ್ಣನದು. ಅವರ ಸ್ವಂತ ನಿರ್ಧಾರಗಳು ಏನೆಂಬುದನ್ನು ಪ್ರತಿ ತಿಂಗಳ ಮೊದಲ ಸೋಮವಾರ ಸಮಿತಿಯು ಅವರಿಗೆ ತಿಳಿಸುವುದು. ಗೆದ್ದದ್ದು ತಾವೇ ಎಂದುಕೊಂಡು ಎರಡೂ ಪಕ್ಷದವರು ಚಹಾ ಕುಡಿದರು.

ಮುಂದಿನ ಸಲ ನಲವತ್ತಮೂರು ಗುಡ್ಡೆ ಬಿದ್ದವು. "ಇದು ಯಾರ್ದು?" ಎಂದದ್ದಕ್ಕೆ "ವನಜಾಕ್ಷೀದು" ಎಂಬ ಕೂಗು ಬಂತು. ಊರಲ್ಲಿ ಹೆಣ್ಣಿನ ಹೆಸರು ಕೂಗಿದ್ದು ಅದೇ ಮೊದಲು. ಎಲ್ಲರೂ ಚಪ್ಪಾಳೆ ತಟ್ಟಿದರು, ನನ್ನ ಕಣ್ಣೂ ತುಂಬಿತು. ಆಕೆ ಪಾತ್ರೆ ಹಿಡಿದು ಮುಂದೆ ಬರುವಷ್ಟರಲ್ಲಿ ಅಂಜಿನೇಯ ನಿಯಮದಂತೆ ಆ ಗುಡ್ಡೆಯನ್ನು ಬಾಚಿ ತನ್ನ ಬುಟ್ಟಿಗೆ ಹಾಕಿಕೊಂಡ.

"ಅದು ನಂದಲ್ವೇನಣ್ಣ?"

"ನಿಂದೇ ಕಣಮ್ಮ. ಊರೆಲ್ಲ ಕೇಳಿಸ್ಕೊಂಡೈತಲ್ಲ."

ವನಜಾಕ್ಷಿ ಸುತ್ತ ನೋಡಿದಳು. ಎಲ್ಲರೂ ಸಂತೋಷವಾಗಿದ್ದರು. ಏನೂ ಹೇಳದೆ ಖಾಲಿ ಪಾತ್ರೆಯನ್ನು ಸ್ಕೂಟಿಗೆ ಸಿಕ್ಕಿಸಿಕೊಂಡು ಹೊರಟುಹೋದಳು. ಆಕೆಗೆ ಏನು ಹೇಳಬೇಕೆನಿಸಿತ್ತೆಂಬುದನ್ನು ನಾವಿನ್ನೂ ತಿಳಿಸಿರಲಿಲ್ಲವಾದ್ದರಿಂದ ಅದು ಕ್ರಮಬದ್ಧವೇ ಆಗಿತ್ತು. "ಅರ್ಜಿದಾರರು ಸಂತೋಷದಿಂದ ಒಪ್ಪಿರುತ್ತಾರೆ" ಎಂದು ನಡಾವಳಿಯಲ್ಲಿ ಬರೆದೆ. ಆಕೆಯ ಸಹಿಯನ್ನು ಅಣ್ಣನೇ ಹಾಕಿಕೊಟ್ಟ.