ಫ್ರೀಟ್ ಅಂಗಡಿಯ ಮುಂದೆ ನಡೆಯದ ಸಭೆ

ಎಲ್ಲ ಶುರುವಾದದ್ದು ಒಂದು ಹಳೇ ಸೇತುವೆಯಿಂದ. ಪೂರ್ವದ ಗಡಿಯ ಕಡೆ ಯಾವುದೋ ಹೊಳೆಗೆ ಕಟ್ಟಿದ ಸೇತುವೆ ಅದು. ಅದರ ಮೇಲೆ ಟ್ಯಾಂಕುಗಳು ಹೋಗಬೇಕಿತ್ತು. ಟ್ಯಾಂಕು ಹಲವು ದೇಶಗಳು ಸೇರಿ ಕಟ್ಟಿದ ಸೇನಾ ಕೂಟದ್ದು, ಸೇತುವೆ ರಿಪೇರಿಯ ಹೊಣೆ ಅಂಥದೇ ಒಂದು ರಾಜಕೀಯ ಒಕ್ಕೂಟದ್ದು. ಎರಡರ ಮುಖ್ಯ ಕಚೇರಿಯೂ ಬ್ರಸೆಲ್ಸ್‌ನಲ್ಲೇ ಇತ್ತು. ಸದಸ್ಯ ದೇಶಗಳೂ ಬಹುಪಾಲು ಅವೇ. ಆದರೂ ಟ್ಯಾಂಕು ಎಷ್ಟು ಭಾರವೆಂದು ಕೂಟದವರು ಒಕ್ಕೂಟಕ್ಕೆ ಹೇಳುವಂತಿರಲಿಲ್ಲ, ಸೇತುವೆ ಎಷ್ಟು ಭಾರ ತಡೆಯುತ್ತದೆಂದು ಒಕ್ಕೂಟದವರು ಕೂಟಕ್ಕೆ ಹೇಳುವಂತಿರಲಿಲ್ಲ.

ಕೂಟದಲ್ಲಿ ಒಂದು ದೊಡ್ಡ ದೇಶವಿತ್ತು, ಒಕ್ಕೂಟದಲ್ಲಿ ಅದರ ನೆರೆಯ ಪುಟ್ಟ ದ್ವೀಪವೊಂದಿತ್ತು. ಅಂಥದೊಂದು ದೇಶ ಇದೆ ಅನ್ನುವುದನ್ನೇ ದೊಡ್ಡ ದೇಶ ಒಪ್ಪಿರಲಿಲ್ಲ. ಎರಡೂ ಕಡೆಯವರು ಸಭೆ ಸೇರುತ್ತೇವೆಂದರೆ "ಅವರು ಬಂದ್ರೆ ನಾವು ಬರಲ್ಲ" ಎಂದು ಅದು ಎದ್ದು ನಿಲ್ಲುತ್ತಿತ್ತು. "ನಮ್ಮನ್ನ ಬಿಟ್ಟು ಸೇರಿದ್ರೆ ನೋಡಿ ಮತ್ತೆ" ಎಂದು ದ್ವೀಪ ಮೇಜು ಕುಟ್ಟುತ್ತಿತ್ತು. ಹಾಗಾಗಿ ಬ್ರಸೆಲ್ಸ್‌ನ ದೊಡ್ಡವರಲ್ಲಿ ಒಂದು ಪದ್ಧತಿ ಬೆಳೆದಿತ್ತು. ಸಭೆ ಸೇರಬಾರದು, ಅಕಸ್ಮಾತ್ತಾಗಿ ಸಿಗಬೇಕು. ಲಿಫ್ಟಿನಲ್ಲಿ ಸಿಗಬಹುದು, ಕೋಟು ತೂಗುಹಾಕುವ ಜಾಗದಲ್ಲಿ ಸಿಗಬಹುದು. ಯಾರದಾದರೂ ಶವಸಂಸ್ಕಾರವಾದರಂತೂ ಮನಸ್ಸು ಬಿಚ್ಚಿ ಮಾತಾಡಬಹುದು. ದುರದೃಷ್ಟಕ್ಕೆ ಆ ವಾರ ಯಾರೂ ಸತ್ತಿರಲಿಲ್ಲ.

"ಲಿವೆನ್, ಇವತ್ತು ಮಧ್ಯಾಹ್ನ ನಮ್ಮ ಆಯುಕ್ತೆಗೂ ಕೂಟದ ಜನರಲ್‌ಗೂ ಒಂದು ಅಕಸ್ಮಾತ್ ಏರ್ಪಾಡು ಮಾಡ್ಬೇಕು ಕಣಯ್ಯಾ," ಎಂದರು ಒಕ್ಕೂಟದ ಕಚೇರಿಯಲ್ಲಿ ಮೇಲಧಿಕಾರಿ ಪ್ಲಾಂಶಾರ್.

ಲಿವೆನ್ ಡೆಸ್ಮೆಟ್ ಅಲ್ಲಿ ಹಂಗಾಮಿ ನೌಕರ. ಅವನ ಒಪ್ಪಂದ ಅಂದು ಸಂಜೆಗೇ ಮುಗಿಯುತ್ತಿತ್ತು. ಹೆಂಡತಿ ಗ್ರೀಟ್‌ಗೆ ಎಂಟು ತಿಂಗಳು. ಲಿಫ್ಟಿಲ್ಲದ ಕಟ್ಟಡದ ಆರನೇ ಮಹಡಿಯಲ್ಲಿ ಅವರ ವಾಸ. ಆಕೆ ಮೆಟ್ಟಿಲು ಹತ್ತುವಾಗ ಇವನಿಗೇ ಏದುಸಿರು ಬರುತ್ತಿತ್ತು. ಮುಂದಿನ ಬೀದಿಯಲ್ಲಿ ನೆಲಮಹಡಿಯ ಮನೆಯೊಂದು ಖಾಲಿಯಾಗಿತ್ತು. ಕಾಯಂ ನೌಕರರಿಗಷ್ಟೇ ಕೊಡುವುದು ಎಂದು ಮಾಲೀಕ ಪಟ್ಟು ಹಿಡಿದಿದ್ದ. ನಾಳೆಯವರೆಗೆ ಕಾಯುತ್ತೇನೆಂದೂ ಹೇಳಿದ್ದ.

"ಇದೊಂದು ಸರಿಯಾಗಿ ಮಾಡಿಬಿಡು, ನಿನ್ನ ಕೆಲಸ ಕಾಯಂ. ನನ್ನ ಮಾತು," ಎಂದರು ಪ್ಲಾಂಶಾರ್. "ಆದ್ರೆ ನೆನಪಿರಲಿ, ಅವರು ಭೇಟಿ ಆಗ್ಬಾರ್ದು. ಸಿಗ್ಬೇಕು, ಅಷ್ಟೆ."

ಲಿವೆನ್ ತಲೆ ಕೆರೆದುಕೊಂಡ. ಕೊನೆಗೆ ಹೊಳೆದದ್ದು ಮದಾಮ್ ಜರ್ಮೇನಳ ಫ್ರೀಟ್ ಅಂಗಡಿ. ಚೌಕದ ನಡುವೆ ಹಸಿರು ಗೂಡಂಗಡಿ, ಫ್ರೀಟ್ ಎಂದರೆ ಎರಡೆರಡು ಸಲ ಕರಿದ ಆಲೂಗಡ್ಡೆ ಸೀಳು, ಮಂತ್ರಿಯಿರಲಿ ಮೇಸ್ತ್ರಿಯಿರಲಿ ಎಲ್ಲರಿಗೂ ಒಂದೇ ಸಾಲು. ಬಿಸಿ ಪೊಟ್ಟಣ ಹಿಡಿದು ಪಕ್ಕದ ಕೆಫೆಗೆ ಹೋಗಿ, ಒಂದು ಬಿಯರ್ ತರಿಸಿಕೊಂಡು ಯಾರ ಎದುರಿಗಾದರೂ ಕೂತು ತಿನ್ನಬಹುದು. ಸಾಲಿನಲ್ಲಿ ನಿಂತವರನ್ನು ಸಭೆ ಎನ್ನುವವರು ಯಾರಿದ್ದಾರೆ?

ಜನರಲ್ ಮಾಮೂಲಿ ಕೋಟಿನಲ್ಲಿ ಬಂದ. ಆದರೆ ಸೈನಿಕನ ಸೆಟೆದ ಬೆನ್ನನ್ನು ಬಗ್ಗಿಸುವುದನ್ನು ಯಾರೂ ಅವನಿಗೆ ಹೇಳಿಕೊಟ್ಟಿರಲಿಲ್ಲ. ಆಯುಕ್ತೆ ಕಪ್ಪು ಕನ್ನಡಕ ಹಾಕಿಕೊಂಡು ಬಂದಳು. ಲಿವೆನ್ ದೂರದ ಬೆಂಚಿನ ಮೇಲೆ ಪೇಪರು ಹಿಡಿದು ಕೂತು ನೆಮ್ಮದಿಯ ಉಸಿರು ಬಿಟ್ಟ. ಅಷ್ಟರಲ್ಲೇ ತೊಡಕು ಶುರುವಾಯಿತು.

"ನೀವು ಮುಂದೆ ನಿಲ್ಲಿ, ಮೇಡಂ," ಎಂದ ಜನರಲ್.

"ಛೆ ಛೆ, ನೀವೇ ಮೊದಲು ಬಂದಿದ್ದು," ಎಂದಳು ಆಯುಕ್ತೆ.

ಇದು ಮರ್ಯಾದೆಯ ಮಾತಲ್ಲ. ಯಾರು ಮುಂದೆ ನಿಲ್ಲುತ್ತಾರೋ ಅವರಿಗೇ ಸೇತುವೆಯ ಗರಜು ಹೆಚ್ಚು ಎಂದಾಗುತ್ತದಲ್ಲ! ಇಬ್ಬರೂ ಹಿಂದೆ ಹಿಂದೆ ಸರಿದರು. ಹಿಂದೆ ಬಂದವರಿಗೆಲ್ಲ ಜಾಗ ಬಿಟ್ಟರು. ನಾಯಿ ಹಿಡಿದ ಮುದುಕಿ ಮುಂದೆ ಹೋದಳು, ಶಾಲೆಯ ಮಕ್ಕಳ ಒಂದು ಗುಂಪೇ ಮುಂದೆ ಹೋಯಿತು. ಅರ್ಧ ಗಂಟೆ ಕಳೆದರೂ ಕೂಟ ಮತ್ತು ಒಕ್ಕೂಟಗಳು ಸಾಲಿನ ಬಾಲದಲ್ಲೇ ನಗುತ್ತ ನಿಂತಿದ್ದವು.

ಜರ್ಮೇನ್ ಜಾಲರಿ ಸೌಟು ಹಿಡಿದು ಕಿಟಕಿಯಿಂದ ಅರ್ಧ ಹೊರಗೆ ಬಂದಳು. "ಏನ್ರೀ, ಹೊಸದಾಗಿ ಮದುವೆ ಆದೋರ ಥರ ನೀವು ಮೊದ್ಲು ನೀವು ಮೊದ್ಲು ಅಂತ ಆಡ್ತಿದೀರಿ! ನನ್ನ ಎಣ್ಣೆ ಕಾಯ್ತಾ ಕೂರುತ್ತಾ? ಇಬ್ರೂ ಒಟ್ಟಿಗೇ ಬನ್ನಿ ಇಲ್ಲಿ!"

ಇಪ್ಪತ್ತು ವರ್ಷದಿಂದ ಯಾವ ಮಹಾಶಯರಿಗೂ ಬಗೆಹರಿಸಲಾಗದ ಸಮಸ್ಯೆಯನ್ನು ಆಕೆ ಒಂದು ಗದರಿಕೆಯಲ್ಲಿ ಮುಗಿಸಿದ್ದಳು. ಇಬ್ಬರೂ ಪೊಟ್ಟಣ ಹಿಡಿದು ಕೆಫೆಗೆ ಹೋದರು. ಕಿಟಕಿಯ ಪಕ್ಕದ ಮೇಜಿನಲ್ಲಿ ಅಪರಿಚಿತರಂತೆ ಎದುರುಬದುರು ಕೂತು ತಗ್ಗಿದ ದನಿಯಲ್ಲಿ ಮಾತಿಗಿಳಿದರು. ನೆಲಮಹಡಿಯ ಮನೆ ಲಿವೆನ್‌ನ ಕಣ್ಣಿಗೆ ಕಟ್ಟಿತು. ತೊಟ್ಟಿಲು ಎಲ್ಲಿಡಬೇಕೆಂದೂ ಆತ ಯೋಚಿಸತೊಡಗಿದ.

ತಲೆಯೆತ್ತಿದರೆ ಸಾಲಿನಲ್ಲಿ ದ್ವೀಪದ ರಾಯಭಾರಿ ನಿಂತಿದ್ದ! ಅವನ ಹಿಂದೆಯೇ ದೊಡ್ಡ ದೇಶದ ರಾಯಭಾರಿ! ಇಬ್ಬರೂ ಯಾವ ಗೂಢಚರ್ಯೆಗೂ ಬಂದವರಲ್ಲ, ಹೊಟ್ಟೆ ಹಸಿದು ಬಂದವರು. ಆದರೆ ಒಮ್ಮೆ ಬಲಕ್ಕೆ ಕತ್ತು ಹೊರಳಿಸಿದರೆ ಸಾಕಿತ್ತು, ಕೆಫೆಯ ಕಿಟಕಿಯಲ್ಲಿ ಟ್ಯಾಂಕೂ ಸೇತುವೆಯೂ ಒಂದೇ ಮೇಜಿನಲ್ಲಿ ಕಾಣುತ್ತಿದ್ದವು.

ಸದ್ಯಕ್ಕೆ ಅವರಿಗೆ ಬೇರೆ ಕೆಲಸವಿತ್ತು. ದೊಡ್ಡ ದೇಶದ ರಾಯಭಾರಿ ಗಂಭೀರವಾಗಿ ಮುಂದೆ ಹೆಜ್ಜೆಯಿಟ್ಟು ದ್ವೀಪದವನ ಎದುರಿಗೇ ನಿಂತುಬಿಟ್ಟ.

"ಏನ್ರೀ ಇದು? ನಾನಿಲ್ಲಿ ನಿಂತಿದೀನಿ!" ಎಂದು ಸಿಡಿದ ದ್ವೀಪದವನು.

ದೊಡ್ಡ ದೇಶದವನು ಆಕಾಶ ನೋಡಿದ. "ನಮ್ಮ ಸರ್ಕಾರದ ಪ್ರಕಾರ ಈ ಜಾಗದಲ್ಲಿ ಯಾರೂ ಇಲ್ಲ," ಎಂದು ಗಾಳಿಗೆ ಹೇಳಿದ. "ಯಾರೂ ಇಲ್ಲದ ಜಾಗ ಬಿಟ್ಟು ನಿಂತ್ರೆ, ಯಾರೋ ಇದಾರೆ ಅಂತ ನಾವು ಒಪ್ಪಿದ ಹಾಗಾಗುತ್ತೆ."

"ನೋಡಮ್ಮಾ ಇವನ ದೌಲತ್ತು!" ಎಂದು ದ್ವೀಪದವನು ಜರ್ಮೇನಳಿಗೆ ಮೊರೆಯಿಟ್ಟ. "ಸಾಲು ನುಗ್ಗಿದ್ದೂ ಅಲ್ದೆ ನಾನೇ ಇಲ್ವಂತೆ!"

"ನೀನು ಇದೀಯೋ ಇಲ್ವೋ ನಿಮ್ಮನೇಲಿ ಕೇಳ್ಕೋ," ಎಂದಳು ಜರ್ಮೇನ್. "ನನಗೆ ಸಾಸ್ ಯಾವ್ದು ಅಂತ ಹೇಳು."

"ಬೇಡ, ನಿನ್ನ ಫ್ರೀಟೇ ಬೇಡ! ಕೆಫೆಗೆ ಹೋಗಿ ಸೂಪು ಕುಡೀತೀನಿ," ಎಂದು ದ್ವೀಪದವನು ಬಲಕ್ಕೆ ತಿರುಗಿದ.

ಲಿವೆನ್ ಪೇಪರು ಬಿಸುಟು ಓಡಿದ. ಸಾಲಿನಲ್ಲಿದ್ದ ಹತ್ತಾರು ಜನರನ್ನು ತಳ್ಳಿಕೊಂಡು ನುಗ್ಗಿ, ಇಬ್ಬರ ನಡುವೆ ಗೂಟದಂತೆ ನಿಂತ. "ಸ್ವಾಮೀ, ಕ್ಷಮಿಸಿ," ಎಂದು ದೊಡ್ಡ ದೇಶದವನ ಮುಖ ನೋಡಿದ. "ನಾನು ನಿಮಗೆ ಕಾಣ್ತೀನಾ?"

"ಧಾರಾಳವಾಗಿ ಕಾಣ್ತೀರಿ."

"ನಿಮಗೆ ಸಾರ್?"

"ಕಾಣ್ದೆ ಏನು, ನನ್ನ ಕಾಲ್ಮೇಲೇ ನಿಂತಿದೀರಲ್ಲ!"

"ಹಾಗಾದ್ರೆ ಅವರು ನನ್ನ ಮುಂದೆ ನಿಂತಿದಾರೆ. ನೀವು ನನ್ನ ಹಿಂದೆ ನಿಂತಿದೀರಿ. ನಿಮ್ಮಿಬ್ಬರಿಗೂ ಸಂಬಂಧವೇ ಇಲ್ಲ."

ಇಬ್ಬರೂ ತಲೆದೂಗಿದರು. ಎರಡು ಸರ್ಕಾರಗಳ ನಿಲುವಿಗೂ ಧಕ್ಕೆಯಿರಲಿಲ್ಲ. ಆದರೆ ಸಾಲು ಮುಂದೆ ಸರಿದರೆ ಅವರಿಬ್ಬರೂ ಪೊಟ್ಟಣ ಹಿಡಿದು ಕೆಫೆಗೇ ತಾನೇ ಹೋಗುವುದು? ಲಿವೆನ್ ಕಾಲ ತಳ್ಳಲೇಬೇಕಿತ್ತು. ದೊಡ್ಡ ದೇಶದವನನ್ನೂ ಬದಿಗೆ ಸರಿಸಿ ಕಿಟಕಿಗೆ ಮೊಣಕೈ ಊರಿ, "ಮದಾಮ್, ನಿಮ್ಮಲ್ಲಿ ಏನೇನು ಸಾಸ್ ಇದೆ?" ಎಂದು ಕೇಳಿದ.

"ಎದುರಿಗೇ ಬೋರ್ಡಿದೆ, ಓದು."

"ನಿಮ್ಮ ಬಾಯಿಂದ ಕೇಳ್ಬೇಕು ಅಂತ ಆಸೆ."

ಜರ್ಮೇನ್ ಹಲ್ಲು ಕಡಿಯುತ್ತ ಒಂದೊಂದಾಗಿ ಹೇಳಿದಳು. ಲಿವೆನ್ ಪ್ರತಿಯೊಂದರ ರುಚಿ, ಖಾರ, ತಯಾರಿಕೆ ವಿಚಾರಿಸಿದ. ಮೆಯೊನೇಸ್‌ಗೆ ಹಾಕಿದ ಮೊಟ್ಟೆ ಯಾವ ಊರ ಕೋಳಿಯದೆಂದೂ ಕೇಳಿದ. ಹಿಂದಿನಿಂದ ಬೈಗುಳ ಶುರುವಾಯಿತು. "ಲೇ, ಹೆಣ್ಣು ನೋಡೋಕೆ ಬಂದಿದೀಯೇನೋ?" ಎಂದು ಒಬ್ಬ ಕೂಗಿದ. ಯಾರದೋ ಕೊಡೆಯ ತುದಿ ಅವನ ಬೆನ್ನಿಗೆ ತಿವಿಯಿತು. ಲಿವೆನ್ ಗ್ರೀಟ್‌ಳನ್ನು ನೆನೆದು ಎಲ್ಲ ಸಹಿಸಿಕೊಂಡ.

ಕೊನೆಗೆ ಕೆಫೆಯ ಬಾಗಿಲು ತೆರೆಯಿತು. ಜನರಲ್ ಎಡಕ್ಕೆ ಹೋದ, ಆಯುಕ್ತೆ ಬಲಕ್ಕೆ ಹೋದಳು. ಇಬ್ಬರ ಮುಖದಲ್ಲೂ ಗೆಲುವಿತ್ತು. ಸೇತುವೆಗೆ ಎರಡು ಕಂಬ ಸೇರಿಸಿದರೆ ಟ್ಯಾಂಕು ಸಲೀಸಾಗಿ ದಾಟುತ್ತದೆಂಬುದು ಕೊನೆಗೂ ಇತ್ಯರ್ಥವಾಗಿತ್ತು. ಲಿವೆನ್‌ಗೆ ಅಲ್ಲೇ ಕುಣಿಯುವಷ್ಟು ಖುಷಿಯಾಯಿತು.

"ಸಾಸ್ ಬೇಡ ಬಿಡಿ, ಉಪ್ಪು ಸಾಕು," ಎಂದ. ಜರ್ಮೇನ್ ಉಪ್ಪಿನ ಡಬ್ಬಿಯನ್ನೇ ಎಸೆಯಲು ಕೈಯೆತ್ತಿದಳು.

ಸಂಜೆ ಅವನು ಗೆದ್ದ ಕುದುರೆಯಂತೆ ಕಚೇರಿಗೆ ಬಂದ. ಪ್ಲಾಂಶಾರ್ ಶಾಂಪೇನ್ ಹಿಡಿದು ಓಡಾಡುತ್ತಿದ್ದರು.

"ಬಾರಯ್ಯಾ ಬಾ! ಐತಿಹಾಸಿಕ ದಿನ ಇವತ್ತು!"

"ಸೇತುವೆ ವಿಷಯ ಮುಗೀತಲ್ಲ ಸಾರ್. ನನ್ನ ಕೆಲಸ..."

"ಯಾವ ಸೇತುವೆ?" ಪ್ಲಾಂಶಾರ್ ಹುಬ್ಬೇರಿಸಿದರು. "ಇವತ್ತು ಯಾರೂ ಯಾರನ್ನೂ ಭೇಟಿ ಆಗಿಲ್ಲ. ಆಗದ ಕೆಲಸ ಚೆನ್ನಾಗಿ ಮಾಡಿದೆ ಅಂತ ನಾನು ಹೇಗಪ್ಪಾ ಶಿಫಾರಸು ಮಾಡ್ಲಿ?"

"ಮತ್ತೆ ಐತಿಹಾಸಿಕ ಅಂದ್ರಲ್ಲ?"

"ಅದಾ! ಮಧ್ಯಾಹ್ನ ಒಬ್ಬ ಒಕ್ಕೂಟದ ನೌಕರ ಡ್ಯೂಟಿ ಹೊತ್ತಲ್ಲಿ ಫ್ರೀಟ್ ಅಂಗಡೀಲಿ ಸಾಲು ಮುರಿದು ನುಗ್ಗಿ, ಇಬ್ಬರು ರಾಯಭಾರಿಗಳ ಕಾಲು ತುಳಿದು, ಊಟಕ್ಕೆ ಕಲ್ಲು ಹಾಕಿದನಂತೆ. ಆ ದೊಡ್ಡ ದೇಶದೋರೂ ದ್ವೀಪದೋರೂ ಸೇರಿ ಜಂಟಿ ದೂರು ಕೊಟ್ಟಿದಾರೆ."

"ಸಾರ್, ಅವರು ಒಬ್ಬರ ಮುಖ ಒಬ್ಬರು ನೋಡಲ್ವಲ್ಲ! ಜಂಟಿಯಾಗಿ ಹೇಗೆ..."

"ಅದೇ ಕಣಯ್ಯಾ ಸಂತೋಷದ ವಿಷಯ!" ಪ್ಲಾಂಶಾರ್ ಕಣ್ಣಲ್ಲಿ ನಿಜಕ್ಕೂ ನೀರಿತ್ತು. "ಇಪ್ಪತ್ತು ವರ್ಷದಲ್ಲಿ ಇದೇ ಮೊದಲು. ದೂರಿನ ವಿಚಾರಣೆಗೆ ಅಂತ ಕೂಟ, ಒಕ್ಕೂಟ ಎರಡೂ ಈಗ ಒಳಗೆ ಅಧಿಕೃತವಾಗಿ ಸಭೆ ಸೇರಿವೆ. ಯಾರೂ ಎದ್ದು ಹೋಗಿಲ್ಲ. ಆ ನೌಕರನನ್ನ ತೆಗೀಬೇಕು ಅಂತ ಸರ್ವಾನುಮತದ ನಿರ್ಣಯ ಆಯ್ತು. ಇಷ್ಟು ದೊಡ್ಡ ಸಹಕಾರಾನ ನಿನ್ನ ಒಂದು ಕೆಲಸಕ್ಕೋಸ್ಕರ ಹಾಳು ಮಾಡೋಕಾಗುತ್ತಾ? ನೀನೇ ಹೇಳು."

ಲಿವೆನ್‌ನ ಜೇಬಿನಲ್ಲಿ ಫೋನು ಬಡಿದುಕೊಳ್ಳುತ್ತಿತ್ತು. ಗ್ರೀಟ್ ಇರಬೇಕು.

ಒಳಗಿನಿಂದ ಚಪ್ಪಾಳೆ ಕೇಳಿಸಿತು. ಪ್ಲಾಂಶಾರ್ ಅವನ ಕೈಗೆ ಒಂದು ಕ್ಯಾಮೆರಾ ಕೊಟ್ಟರು.

"ಫೋಟೋದವನು ಮನೆಗೆ ಹೋಗಿಬಿಟ್ಟಿದಾನೆ. ಎಲ್ಲರೂ ಕೈ ಕುಲುಕ್ತಾ ನಿಂತಿದಾರೆ, ಬೇಗ ಹೋಗಿ ಒಂದು ತೆಗೆದುಬಿಡಪ್ಪಾ. ನಿನ್ನ ಒಪ್ಪಂದ ಮುಗಿಯೋಕೆ ಇನ್ನೂ ಹತ್ತು ನಿಮಿಷ ಇದೆ."